ಸಿಪ್ಪೆಯ ಸದ್ದು

ರುಸ್ತಾವಿಯಲ್ಲಿ, ಉಕ್ಕಿನ ಕಾರ್ಖಾನೆಯ ಹಿಂದುಗಡೆ,
ಬಾಗಿಲು ಮುಚ್ಚಿದ ಚಪ್ಪಲಿ ರಿಪೇರಿ ಅಂಗಡಿಯೇ ನಮ್ಮ ಪೊಲೀಸ್ ಠಾಣೆ.
ಗೋಡೆಗೊಂದು ಭೂಪಟ ಹೊಡೆದೆವು. ಅಂಟಿನ ವಾಸನೆ ಹೋಗಲಿಲ್ಲ;
ವಾಸನೆ ಸಿನಿಮಾದಲ್ಲಿ ಬರುವುದಿಲ್ಲವಲ್ಲ, ಅಂದಳು ದರೇಜಾನ್.
ಹನ್ನೆರಡು ನಿಮಿಷದ ಚಿತ್ರ. ಬಾಡಿಗೆಯ ಕ್ಯಾಮೆರಾ,
ಸಂಜೆ ಆರಕ್ಕೆ ವಾಪಸು ಕೊಡಬೇಕು.
ನಾನು ಮೈಕಿನ ಕೋಲು ಹಿಡಿದವನು.

ಕಥೆ ಇಷ್ಟೇ: ಮಾಡದ ಕೊಲೆಗೆ ಒಬ್ಬ ಸಿಕ್ಕಿಬೀಳುತ್ತಾನೆ.
ಆರೋಪಿಯಾಗಿ ಟಿಬಿಲಿಸಿಯಿಂದ ಬಂದ ಹುಡುಗ, ಒಳ್ಳೆಯ ಮುಖ.
ಇನ್ಸ್‌ಪೆಕ್ಟರಾಗಿ ಅವಳ ಸೋದರಮಾವ,
ಮೇಜು ಗುದ್ದಿ, ಕೂಗಿ ಕೂಗಿ ಗಂಟಲು ಕಟ್ಟಿಸಿಕೊಂಡಿದ್ದ.
ಚಹಾ ಇಟ್ಟು ಹೋಗುವ ಪೇದೆ ನುಗ್ಜಾರ್.
ಮಾತಿಲ್ಲದ ಪಾತ್ರ. ಕೂಲಿ, ಮಧ್ಯಾಹ್ನದ ಊಟ.

ನುಗ್ಜಾರ್ ಚಹಾ ಇಟ್ಟ. ಹೋಗಲಿಲ್ಲ.
"ಹೀಗಲ್ಲ," ಅಂದ. "ಇಷ್ಟು ಕೂಗುವುದಿಲ್ಲ ಅವರು."

ನಮ್ಮ ಬುತ್ತಿಚೀಲದಿಂದ ಒಂದು ಕಿತ್ತಳೆ ತೆಗೆದು
ಸಿಪ್ಪೆ ತುಂಡಾಗದ ಹಾಗೆ ಸುಲಿದ, ಒಂದೇ ಸುತ್ತಿಗೆ.
ಅರ್ಧ ತನಗೆ. ಅರ್ಧ ಹುಡುಗನ ಮುಂದೆ.
"ತಿನ್ನಪ್ಪ. ಬೆಳಿಗ್ಗೆಯಿಂದ ಏನೂ ತಿಂದಿಲ್ಲ ನೀನು.
ನಿಮ್ಮಮ್ಮನ ಮೊಣಕಾಲು ನೋವು ಹೇಗಿದೆ ಈಗ?"

ಹೆಡ್‌ಫೋನಿನಲ್ಲಿ ನನಗೆ ಸಿಪ್ಪೆ ಬಿಡುವ ಸದ್ದು,
ಒದ್ದೆ ಬಟ್ಟೆ ಹರಿದಂತೆ, ಬಲು ಮೆಲ್ಲಗೆ.
ಹುಡುಗ ಅತ್ತುಬಿಟ್ಟ. ಅದನ್ನು ಯಾರೂ ಬರೆದಿರಲಿಲ್ಲ.

ಹೇಗೆ ಗೊತ್ತು ಎಂದು ಯಾರೂ ಕೇಳಲಿಲ್ಲ.
ಊರಿಗೇ ಗೊತ್ತಿತ್ತು: ಒಂಬತ್ತು ವರ್ಷ,
ಆಮೇಲೆ ಒಂದು ಕಾಗದ, ಅದರಲ್ಲಿ "ತಪ್ಪಾಗಿ" ಎಂಬ ಪದ, ಸೀಲು.
ಸೋದರಮಾವ ಟೋಪಿ ಬಿಚ್ಚಿ ಅವನಿಗೆ ಕೊಟ್ಟು
ತಾನು ಚಹಾ ತಂದ.

"ಇನ್ನೊಂದು," ಅಂದಳು ದರೇಜಾನ್. ಫೋಕಸ್ ತಪ್ಪಿತ್ತು.
ಇನ್ನೊಂದು. ರಸ್ತೆಯಲ್ಲಿ ಮಿನಿಬಸ್ಸಿನ ಹಾರ್ನು. ಇನ್ನೊಂದು.
ಪ್ರತಿ ಟೇಕಿಗೂ ಇಡೀ ಹಣ್ಣು ಬೇಕು; ಮೂಲೆಯಂಗಡಿಗೆ ಓಡಿದೆ.
"ಯಾರಿಗೆ ಕಾಯಿಲೆ?" ಕೇಳಿದಳು ಅಂಗಡಿಯವಳು.

ಹನ್ನೊಂದು ಸಲ ಸುಲಿದ. ಹನ್ನೊಂದು ಸಲ ತಾಯಿಯನ್ನು ವಿಚಾರಿಸಿಕೊಂಡ.
ಹನ್ನೆರಡನೆಯ ಸಲ, ಹುಡುಗನ ಪಾಲನ್ನೂ ತನ್ನತ್ತ ಎಳೆದುಕೊಂಡು
"ಸಹಿ ಹಾಕಬೇಡ," ಅಂದ.

ಚಿತ್ರಕಥೆಯಲ್ಲಿ ಸಹಿ ಇದೆ. ಸಹಿಯಿಲ್ಲದೆ ಚಿತ್ರವಿಲ್ಲ.
ಗಂಟೆ ಐದೂ ಮುಕ್ಕಾಲು.

ದರೇಜಾನ್ ಹನ್ನೊಂದನೆಯದನ್ನು ಇಟ್ಟುಕೊಂಡಳು.
ಕೊನೆಯದು ಅಳಿಸಿಹೋಯಿತು, ಕಾರ್ಡಿನಲ್ಲಿ ಜಾಗವಿರಲಿಲ್ಲ.
ಸದ್ದು ಮಾತ್ರ ನನ್ನ ಬಳಿ ಉಳಿದಿದೆ:
ಸಿಪ್ಪೆ, ಕುರ್ಚಿಯ ಕಿರುಗು, ಆ ಎರಡು ಪದ,
ಆಮೇಲೆ ಯಾರೋ, ನಾನೇ ಇರಬೇಕು,
ಉಸಿರು ಬಿಟ್ಟದ್ದು.