ಹದಿನೇಳನೆಯ ಗುಂಡಿ

ಬೇರೆ ಕೋಣೆಗಳಲ್ಲಿ ನನ್ನ ಕೆಲಸ ಒಂದೇ ಮಾತು:
ಮುಟ್ಟಬೇಡಿ.
ನಾಲ್ಕು ಭಾಷೆಯಲ್ಲಿ ಬರುತ್ತದೆ ಅದು ನನಗೆ,
ಐದನೆಯದು ಹುಬ್ಬಿನಲ್ಲಿ.
ಈ ಕೋಣೆಗೆ ಹಾಕಿದ ದಿನ ಮೇಲ್ವಿಚಾರಕ ಹೇಳಿದ:
ಇಲ್ಲಿ ಮುಟ್ಟಬಹುದು. ನೀವು ಸುಮ್ಮನೆ ಕೂತಿರಿ.

ಹತ್ತು ಗಂಟೆಗೆ ಸ್ಕೈಸ್ತೆ ಬರುತ್ತಾಳೆ,
ಒದ್ದೆ ಬೂಟು ಬಾಗಿಲಲ್ಲೇ ಬಿಟ್ಟು
ಬೂದು ಅಂಗಿ ತೊಟ್ಟು
ಗೋಡೆಗೆ ಮುಖ, ನಮಗೆ ಬೆನ್ನು.
ಬೆನ್ನುದ್ದಕ್ಕೂ ಇಪ್ಪತ್ತೆರಡು ಗುಂಡಿ, ಒಂದನ್ನೂ ಹಾಕಿಲ್ಲ.
ಬಂದವರು ತಲಾ ಒಂದು ಹಾಕಬೇಕು.
ಅಷ್ಟೇ ಆಟ.
ಕ್ಯಾಮೆರಾ ಮೂರು ಕಾಲಿನ ಮೇಲೆ ನಿಂತು
ಬೆನ್ನು ನೋಡುತ್ತದೆ, ಬರುವ ಕೈ ನೋಡುತ್ತದೆ,
ಮುಖ ಅದಕ್ಕೆ ಬೇಡ.

ಇನ್ನೊಬ್ಬರ ಗುಂಡಿ ಹಾಕಲಿಕ್ಕೂ ಗುಂಡಿಗೆ ಬೇಕು.
ಟ್ರಾಲಿ ಬಸ್ಸಿನ ಚಾಲಕನೊಬ್ಬ ಅಂಗೈ ಉಜ್ಜಿ ಉಜ್ಜಿ
ಬಿಸಿ ಮಾಡಿಕೊಂಡು ಬಂದ; ನವೆಂಬರ್, ಹೊರಗೆ
ನೆಮುನಾಸ್ ನದಿಯ ಮಂಜು.
ಒಬ್ಬ ಹುಡುಗ ಗೆಳೆಯರತ್ತ ತಿರುಗಿ ನಕ್ಕ,
ಆಮೇಲೆ ಆ ನಗು ಎಲ್ಲಿಡಬೇಕೆಂದು ತಿಳಿಯದೆ ನಿಂತ.
ಒಬ್ಬಾಕೆ ಯಾರೋ ಹಾಕಿದ್ದನ್ನು ಬಿಚ್ಚಿ ಹೋದಳು.
ಸ್ಕೈಸ್ತೆ ಅಲುಗಲಿಲ್ಲ. ಕಿವಿ ಮಾತ್ರ ಕೆಂಪಾಯಿತು.

ನಾನು ಇದೇ ಕೌನಾಸ್‌ನ ಗಿರಣಿಯಲ್ಲಿ, ಗಿರಣಿ ಇದ್ದಾಗ,
ಹತ್ತೊಂಬತ್ತು ವರ್ಷ ಕಾಜ ಹೊಲಿದವಳು.
ಮೊದಲ ದಿನವೇ ಕಂಡಿತ್ತು: ಹದಿನೇಳನೆಯ ಕಾಜ ಬಿಗಿ.
ಬೇಕೆಂದೇ ಹೊಲಿಸಿದ್ದೋ, ದರ್ಜಿಯ ಸೋಮಾರಿತನವೋ,
ಕೇಳಲಿಲ್ಲ. ಯಾರಿಗೂ ಅದು ಬಗ್ಗಲಿಲ್ಲ.
ಸಂಜೆಯಾದರೂ ಅಲ್ಲಿ ತೆರೆದೇ ಇರುತ್ತಿತ್ತು
ಒಂದಂಗುಲ ಚರ್ಮ, ಒಂದು ಮಚ್ಚೆ.

ಕೊನೆಯ ಚಳಿಗಾಲ ನನ್ನ ಕೆಸ್ತಾಸ್
ನಡುಗುವ ಬೆರಳಲ್ಲಿ ಗುಂಡಿ ಹಾಕಲಾರದೆ
ಅಂಗಿಯನ್ನೇ ಬೈಯುತ್ತಿದ್ದ. ಇರಲಿ.

ಪಕ್ಕದ ಕೋಣೆಯಲ್ಲಿ ಪರದೆ: ಹೋದ ವಾರದ ಬೆನ್ನು,
ಹೋದ ವಾರದ ಕೈಗಳು, ನಲವತ್ತೊಂದು ನಿಮಿಷಕ್ಕೊಮ್ಮೆ
ಮತ್ತೆ ಮೊದಲಿಂದ. ಮಂಗಳವಾರ ನನ್ನನ್ನು ಅಲ್ಲಿ ಕೂರಿಸಿದರು.
ಮೂವತ್ತಮೂರನೆಯ ನಿಮಿಷಕ್ಕೆ
ಎಡಗಡೆಯಿಂದ ಒಂದು ಮುದಿ ಕೈ ಬಂತು.
ನೀಲಿ ತೋಳು, ಸಮವಸ್ತ್ರದ ಪಟ್ಟಿ,
ಹೆಬ್ಬೆರಳ ಉಗುರಲ್ಲಿ ಎಂದೋ ಸೂಜಿ ಹೊಕ್ಕ ಗುರುತು.
ಹದಿನೇಳರ ಬಳಿ, ಕೂದಲೆಳೆಯಷ್ಟು ಈಚೆಗೆ ನಿಂತು
ಗಾಳಿಯಲ್ಲೇ ಗುಂಡಿಯನ್ನು ಓರೆ ಮಾಡಿ
ಕಾಜದೊಳಗೆ ಜಾರಿಸುವಂತೆ ತಿರುಗಿತು,
ಹಾಗಲ್ಲ, ಹೀಗೆ, ಎನ್ನುವ ಹಾಗೆ.
ಹಿಂದೆ ಸರಿಯಿತು.

ಆಣೆ ಮಾಡಿ ಹೇಳುತ್ತೇನೆ,
ಕುರ್ಚಿಯಿಂದ ಎದ್ದದ್ದೇ ನೆನಪಿಲ್ಲ ನನಗೆ.

ಬಾಗಿಲು ಹಾಕುವ ಹೊತ್ತು ಸ್ಕೈಸ್ತೆ ಬೂಟಿನ ದಾರ ಬಿಗಿಯುತ್ತ
ತಲೆ ಎತ್ತದೆ ಕೇಳಿದಳು: ಆ ಭಾಗ ತೆಗೆದುಬಿಡಲೆ?
ಯಾವ ಭಾಗ, ಎಂದೆ.
ಯಾರದೋ ಕೈ.
ಯಾರದೋ ಏನೋ, ಇರಲಿ ಬಿಡು.

ಇವತ್ತು ಶಾಲೆಯ ಮಕ್ಕಳು ಬಂದು ಗದ್ದಲವೆಬ್ಬಿಸಿ ಹೋದರು.
ಒಂದು ಮಗು ಹಿಂದುಳಿಯಿತು, ಮೂಗು ಸೋರುತ್ತಿತ್ತು.
ಮೂವತ್ತಮೂರನೆಯ ನಿಮಿಷ.
ತುದಿಗಾಲಲ್ಲಿ ನಿಂತು ಪರದೆಯ ಮೇಲಿನ ಕೈಗೆ
ತನ್ನ ಅಂಗೈ ಒತ್ತಿತು.
ನಾಲ್ಕು ಭಾಷೆಯ ಆ ಒಂದು ಮಾತು
ಗಂಟಲಿಗೆ ಬಂದು ಕೂತಿತು, ಮೇಲೆ ಏಳಲಿಲ್ಲ.

ಬೆಚ್ಚಗಿದೆ, ಎಂದಿತು ಮಗು.
ಇರುತ್ತದೆ, ಎಂದೆ.
ಬೆಳಗಿನಿಂದ ಉರಿಯುತ್ತಿದೆಯಲ್ಲ, ಯಂತ್ರ.