ಅಂಗಿಗುಂಡಿಯಗಲದ ಕದ

ಬಹ್ಲಾದಾಚೆ, ಒಣಗಿದ ವಾದಿಯ ದಂಡೆಯಲ್ಲಿ
ಪೈಪಿಗೆ ಸುಣ್ಣದ ಗೆರೆ ಎಳೆಯುತ್ತ ಬಂದವನು
ನಮ್ಮ ಜಾಲಿಯಂಥದೇ ಸಮರ್ ಮರದ ಬುಡದಲ್ಲಿ
ಕೂತೆ, ನೀರು ಕುಡಿಯಲು.

ಮಣ್ಣಲ್ಲೊಂದು ದುಂಡು ಬಿರುಕು,
ಅಂಗಿಗುಂಡಿಯಷ್ಟೇ.
ಬತಾಕದ ಮೂಲೆಯಿಂದ ಮೀಟಿದೆ.
ಎದ್ದಿತು ಮುಚ್ಚಳ. ಒಳಗೆ ಬಿಳಿ ರೇಷ್ಮೆ,
ಕೀಲೂ ರೇಷ್ಮೆಯದೇ.
ಆಮೇಲೆ ಯಾರೋ
ಒಳಗಿಂದ ಎಳೆದುಕೊಂಡರು.

ಯಾರೋ ಅಂದರೆ, ಜೇಡ.
ಕಡಲೆಕಾಳಿನಷ್ಟು ಜೀವ;
ಆ ಎಳೆತ ನನ್ನ ಹೆಬ್ಬೆರಳಿಗೆ ತಿಳಿಯಿತು.

‘ಹೆಣ್ಣದು,’ ಅಂದ ಫೋರ್ಮನ್ ಇದಿನಬ್ಬ.
ಅವನಿಗೆ ಹೇಗೆ ಗೊತ್ತೋ.
ಮಳೆ ಬಿದ್ದ ರಾತ್ರಿ ಗಂಡು ಹೊರಬಿದ್ದು
ಅಲೆದಲೆದೇ ಸಾಯುತ್ತದಂತೆ. ಇವಳು ಇದ್ದಲ್ಲೇ,
ಕದದ ಮೇಲೊಂದು ಇರುವೆ ನಡೆಯಲಿ ಅಂತ,
ವರ್ಷಗಟ್ಟಲೆ.
‘ನಮ್ಮ ವೀಸಾಕ್ಕಿಂತ ಉದ್ದ ಮಾರಾಯ.’

ನಕ್ಷೆಯಲ್ಲಿ ಗೆರೆ ಅವಳ ಮೇಲೆಯೇ.
ಮರ ಅಡ್ಡ ಬಂತೆಂದು ಬರೆದು
ಮೂರಡಿ ಸೊಟ್ಟಗೆ ಸುಣ್ಣ ಚೆಲ್ಲಿದೆ.
ಇದಿನಬ್ಬ ಮರ ನೋಡಿದ, ನನ್ನ ನೋಡಿದ,
ಬೀಡಿ ಹಚ್ಚಿದ.

ವ್ಯಾನು ಕ್ಯಾಂಪಿನತ್ತ ತಿರುಗಿದಾಗ ಕಂಡಿತು,
ಬತಾಕದ ಮೂಲೆಗಂಟಿದ ಒಂದೆಳೆ.
ಅಂಗಿಗೆ ಉಜ್ಜಿದೆ, ಹೋಗಲಿಲ್ಲ.
ಕತ್ತಲಾದ ಮೇಲೆ ಅವಳು
ಅಷ್ಟು ಜಾಗಕ್ಕೆ ತೇಪೆ ಹಾಕಿರಬೇಕು.