ಮೂರನೇ ಹೆಸರು

ಹೊಸನಗರ ಕೋರ್ಟಿನ ಬಾಗಿಲಲ್ಲಿ ನಿಂತು
ನಾಲ್ಕು ವರ್ಷ ಕೂಗಿದ್ದೇನೆ,
ಪ್ರತಿ ವಾಯಿದೆಗೂ ಮೂರು ಸಲ:
ಅಂಬುಜಾಕ್ಷೀ...
ಕೊನೆಯ ದೀರ್ಘಕ್ಕೆ ಉಸಿರು ಸಾಲುತ್ತಿರಲಿಲ್ಲ.

ದೋಷಾರೋಪ ಪಟ್ಟಿ ನೂರಾ ಹನ್ನೊಂದು ಪುಟ.
ಅವಳ ಪಾಲಿಗೆ ಒಂದೇ ಸಾಲು:
‘ನಾದಿನಿಯೂ ಅಲ್ಲೇ ಇದ್ದಳು.’
ಅಷ್ಟಕ್ಕೇ ರಿಪ್ಪನ್‌ಪೇಟೆಯಿಂದ ಮೊದಲ ಬಸ್ಸು,
ಹೊಲಿಗೆ ಅಂಗಡಿಗೆ ಬೀಗ,
ಕೊರಳಲ್ಲೇ ಮರೆತ ಅಳತೆ ಟೇಪು.

ಈಗ ಹೈಕೋರ್ಟಿನ ಕಾಗದ ಬಂದಿದೆ:
ಬರೆದದ್ದನ್ನೆಲ್ಲ ನಿಜವೆಂದೇ ಹಿಡಿದರೂ
ಇವಳ ಮೇಲೆ ಅಪರಾಧ ಕಾಣದು. ರದ್ದು.
ಮಾಡಿದಳೋ ಇಲ್ಲವೋ, ಯಾರೂ ಕೇಳಲಿಲ್ಲ.
ಕೇಳುವ ಅಗತ್ಯವೇ ಇರಲಿಲ್ಲವಂತೆ,
ಮೊದಲ ದಿನದಿಂದಲೂ.

ಇವತ್ತು ಅವಳ ಅಣ್ಣನನ್ನು ಕೂಗಿದೆ,
ತಾಯಿಯನ್ನು ಕೂಗಿದೆ.
ರೂಢಿಗೆ, ಬಾಯಿ ತೆರೆದೇ ಉಳಿಯಿತು.
ಜೊತೆಗೆ ಬಂದು ಬೆಂಚಿನ ತುದಿಗೆ ಕೂತವಳು
ಆಗಲೇ
ಎದ್ದು ನಿಂತಿದ್ದಳು.